30 ಡಿಗ್ರಿ ಇದ್ದಾಗ 390 ಯಾಕೆ ಬೇಕಾಯಿತು?

ಬೆಳಗಾವಿಯ ವಿಟಿಯು ಪಠ್ಯದಲ್ಲಿ ಎಂಜಿನಿಯರಿಂಗ್ ಮೊದಲ ಸೆಮಿಸ್ಟರಿನ ಗಣಿತ ಶುರುವಾಗುವುದೇ ಪೋಲಾರ್ ಕರ್ವ್‌ಗಳಿಂದ, ಅಂದರೆ ಬಿಂದುವನ್ನು ದೂರ ಮತ್ತು ಕೋನದಿಂದ ಗುರುತಿಸಿ ಎಳೆಯುವ ರೇಖೆಗಳಿಂದ. ವಿಜಯಪುರದಲ್ಲಿ ನನ್ನ ಹತ್ತಿರ ಟ್ಯೂಷನ್‌ಗೆ ಬರುವ ಹುಡುಗರ ಮೊದಲ ತಕರಾರು ಪ್ರತಿ ವರ್ಷ ಒಂದೇ: "ಸರ್, ಒಂದ್ ಬಿಂದುವಿಗೆ ಇಷ್ಟ್ ಹೆಸರು ಯಾಕ್ ಬೇಕ್ರಿ?"

ತಕರಾರು ನ್ಯಾಯವಾದದ್ದೇ. ಎಕ್ಸ್–ವೈ ಪದ್ಧತಿಯಲ್ಲಿ (3, 4) ಅಂದರೆ ಒಂದೇ ಜಾಗ, ಅದಕ್ಕೆ ಒಂದೇ ವಿಳಾಸ. ಪೋಲಾರ್ ಪದ್ಧತಿಯಲ್ಲಿ ಹಾಗಲ್ಲ. ಗೋಳಗುಮ್ಮಟದ ಮುಂದೆ ಒಂದು ಕಡೆ ಪೂರ್ವಕ್ಕೆ ಮುಖ ಮಾಡಿ ನಿಲ್ಲಿ. ಎಡಕ್ಕೆ 30 ಡಿಗ್ರಿ ತಿರುಗಿ ಐದು ಹೆಜ್ಜೆ ನಡೆಯಿರಿ. ಅದು (5, 30°): ಮೊದಲು ದೂರ, ಆಮೇಲೆ ಕೋನ. ಹೊರಡುವ ಮೊದಲು ಇನ್ನೊಂದು ಪೂರ್ತಿ ಸುತ್ತು ಹಾಕಿದರೂ ಸೇರುವುದು ಅಲ್ಲಿಗೇ: (5, 390°). ಪೂರ್ವದಿಂದ ಬಲಕ್ಕೆ 330 ಡಿಗ್ರಿ ಸುತ್ತಿದರೆ (5, −330°). ಪೂರ್ವದಿಂದ ಎಡಕ್ಕೆ 210 ಡಿಗ್ರಿ ತಿರುಗಿ ಬೆನ್ನು ಮುಂದಾಗಿ ಐದು ಹೆಜ್ಜೆ ಹಿಂದಕ್ಕೆ ಇಟ್ಟರೆ (−5, 210°). ನೋಡಿದವರು ನಗಬಹುದು, ಆದರೆ ಜಾಗ ಅದೇ.

ಇದರ ಬೇರು ಸುರುಳಿಯಲ್ಲಿದೆ. ಕ್ರಿಸ್ತಪೂರ್ವ 3ನೇ ಶತಮಾನದಲ್ಲಿ ಆರ್ಕಿಮಿಡೀಸ್ ಸುರುಳಿಗಳ ಮೇಲೆಯೇ ಒಂದು ಗ್ರಂಥ ಬರೆದ. ಅವನ ಸುರುಳಿ ನಮ್ಮ ಚಕ್ಕಲಿಯ ಹಾಗೆ, ಸುತ್ತಿನಿಂದ ಸುತ್ತಿಗೆ ಅಂತರ ಸಮ. ಚಕ್ಕಲಿಯ ಮೇಲೆ 30 ಡಿಗ್ರಿಯಲ್ಲಿ ನೀವು ನಡುವಿನ ಹತ್ತಿರ ಇರುತ್ತೀರಿ. 390ರಲ್ಲಿ ದಿಕ್ಕು ಅದೇ, ಆದರೆ ಒಂದು ಸುತ್ತು ಹೊರಗೆ. ಸುತ್ತಿನ ಲೆಕ್ಕ ಬಿಟ್ಟು 390ನ್ನು 30 ಅಂತಲೇ ಬರೆದುಕೊಂಡರೆ ಚಕ್ಕಲಿ ಒಂದೇ ಸುತ್ತಿಗೆ ಮುಗಿದುಹೋಗುತ್ತದೆ, ಅಲ್ವಾ?

ಆದರೆ ಆರ್ಕಿಮಿಡೀಸನ ಬಳಿ ಇಂದಿನ ಬರವಣಿಗೆ ಇರಲಿಲ್ಲ. ಅದು ಬಂದದ್ದು 17ನೇ ಶತಮಾನದಲ್ಲಿ. ಇಟಲಿಯ ಕವಲಿಯೇರಿ 1635ರಲ್ಲಿ, ಸೇಂಟ್ ವಿನ್ಸೆಂಟ್‌ನ ಗ್ರೆಗೊರಿ 1647ರಲ್ಲಿ ತಮ್ಮ ಕೆಲಸ ಅಚ್ಚು ಹಾಕಿಸಿದರು. ಆಗ ನಮ್ಮಲ್ಲಿ ಮೊಹಮ್ಮದ್ ಆದಿಲ್ ಷಾ ಗೋಳಗುಮ್ಮಟ ಕಟ್ಟಿಸುತ್ತಿದ್ದ. ಎರಡಕ್ಕೂ ಸಂಬಂಧವೇನಿಲ್ಲ, ಸುಮ್ನೆ ನೆನಪಾಯಿತು. ನ್ಯೂಟನ್ 1671ರ ಸುಮಾರಿಗೆ ಬಿಂದುಗಳನ್ನು ಗುರುತಿಸುವ ಹಲವು ಪದ್ಧತಿ ಒಂದು ಪುಸ್ತಕದಲ್ಲಿ ಬರೆದಿಟ್ಟ. ಅದರಲ್ಲಿ ಈ ಪದ್ಧತಿಗೆ ಅವನು ಕೊಟ್ಟ ಹೆಸರು "ಸುರುಳಿಗಳಿಗಾಗಿ". ಆ ಪುಸ್ತಕ ಅಚ್ಚಾದದ್ದು 1736ರಲ್ಲಿ, ಅವನು ಸತ್ತು ಒಂಬತ್ತು ವರ್ಷದ ಮೇಲೆ. ಅಷ್ಟರೊಳಗೆ, 1691ರಲ್ಲೇ, ಸ್ವಿಟ್ಜರ್ಲೆಂಡಿನ ಗಣಿತಜ್ಞ ಜೇಕಬ್ ಬರ್ನೂಲಿ ಇದನ್ನು ಪತ್ರಿಕೆಯಲ್ಲಿ ಪ್ರಕಟಿಸಿಯಾಗಿತ್ತು.

ಹಿಂದಕ್ಕಿಡುವ ಹೆಜ್ಜೆ, ಅಂದರೆ ಮೈನಸ್ ದೂರ, ಹುಡುಗರಿಗೆ ಜಾಸ್ತಿ ಕಿರಿಕಿರಿ. ದೂರ = 1 + 2 ಕಾಸ್ ಕೋನ (r = 1 + 2 cos θ) ಅನ್ನುವ ರೇಖೆ ಎಳೆದು ನೋಡಿ. 120 ಡಿಗ್ರಿ ದಾಟಿದ ಮೇಲೆ ದೂರ ಮೈನಸ್ ಆಗುತ್ತದೆ, 240ರವರೆಗೂ ಹಾಗೇ. ಮೈನಸ್ ಬೇಡ ಅಂದರೆ ರೇಖೆ ಅಲ್ಲೇ ಕಡಿದುಹೋಗುತ್ತದೆ. ಬೇಕು ಅಂದರೆ ದೊಡ್ಡ ಕುಣಿಕೆಯ ಒಳಗೆ ಒಂದು ಪುಟ್ಟ ಕುಣಿಕೆ ಮೂಡುತ್ತದೆ.

ಈ ಹೆಚ್ಚುವರಿ ವಿಳಾಸಗಳು ಕೈಕೊಡುವುದೂ ಉಂಟು. ದೂರ = ಸೈನ್ ಕೋನ, ದೂರ = ಕಾಸ್ ಕೋನ. ಎರಡೂ ವೃತ್ತಗಳೇ. ಎಲ್ಲಿ ಕೂಡುತ್ತವೆ ಅಂತ ಕೇಳಿದರೆ ಹುಡುಗರು ಸಮೀಕರಣ ಬಿಡಿಸಿ, 45 ಡಿಗ್ರಿಯ ಒಂದು ಬಿಂದು ಬರೆದು ಪೆನ್ ಮುಚ್ಚುತ್ತಾರೆ. ಚಿತ್ರ ಬರೆದರೆ ಮೂಲಬಿಂದುವಿನಲ್ಲೂ (ದೂರ ಅಳೆಯಲು ಶುರು ಮಾಡುವ ಜಾಗ) ಕೂಡುವುದು ಕಾಣುತ್ತದೆ. ಒಂದು ವೃತ್ತ ಅಲ್ಲಿಗೆ 0 ಡಿಗ್ರಿಯಲ್ಲಿ ಬರುತ್ತದೆ, ಇನ್ನೊಂದು 90 ಡಿಗ್ರಿಯಲ್ಲಿ. ದೂರ ಸೊನ್ನೆ ಇದ್ದಾಗ ಕೋನ ಯಾವುದಾದರೂ ನಡೆಯುತ್ತದೆ. ಸಮೀಕರಣಕ್ಕೆ ಅದು ಗೊತ್ತಾಗುವುದಿಲ್ಲ.