ಪದ ಪರಿಚಯ: ನಿಯಂತ್ರಕ ಪ್ರೋಟೀನ್

ಈ ತಿಂಗಳಲ್ಲಿ ಇದು ಮೂರನೇ ಸಲ. ಪಾಠಕ್ಕೆ ಬರುವ ಬಿಎಸ್ಸಿ ಹುಡುಗಿಯೊಬ್ಬಳ ನೋಟ್ಸ್ ನೋಡುತ್ತಿದ್ದೆ. "ನಿಯಂತ್ರಕ ಪ್ರೋಟೀನ್‌ಗಳು ಬ್ಯಾಕ್ಟೀರಿಯಾಗಳಲ್ಲಿ ಬಯೋಫಿಲ್ಮ್ ಆಗದಂತೆ ತಡೆಯುತ್ತವೆ" ಎಂದಿತ್ತು. ನಿಯಂತ್ರಕ ಪ್ರೋಟೀನ್ ಎಂದರೆ ಯಾವ ಜೀನ್ ಯಾವಾಗ ಕೆಲಸ ಮಾಡಬೇಕು ಎಂದು ನೋಡಿಕೊಳ್ಳುವ ಪ್ರೋಟೀನ್; ಬಯೋಫಿಲ್ಮ್ ಎಂದರೆ ಬ್ಯಾಕ್ಟೀರಿಯಾಗಳು ಒಟ್ಟಾಗಿ ಕಟ್ಟಿಕೊಳ್ಳುವ ಲೋಳೆಪದರ. ಕೇಳಿದರೆ, "ನಿಯಂತ್ರಣ ಅಂದ್ರೆ ತಡೆಯೋದೇ ಅಲ್ವಾ ಸರ್?" ಎಂದಳು. ಅವಳದೊಬ್ಬಳದೇ ತಪ್ಪಲ್ಲ. ರೋಗ ನಿಯಂತ್ರಣ, ಮಾಲಿನ್ಯ ನಿಯಂತ್ರಣ, ಬೆಲೆ ನಿಯಂತ್ರಣ ಎಂದು ದಿನಾ ಓದಿ ಓದಿ ಆ ಪದಕ್ಕೆ ನಾವೇ ಒಂದು ಅರ್ಥವನ್ನಷ್ಟೇ ಉಳಿಸಿದ್ದೇವೆ.

ದಾವಣಗೆರೆಯ ಬಸ್ ನಿಲ್ದಾಣದಲ್ಲಿ ಸಂಚಾರ ನಿಯಂತ್ರಕರು ಕೂತಿರುತ್ತಾರೆ. ಬಸ್ ತಡೆಯಲಿಕ್ಕಾ? ಚಿತ್ರದುರ್ಗದ್ದು ಈಗ ಹೊರಡಲಿ, ಹರಪನಹಳ್ಳಿಯದು ಹತ್ತು ನಿಮಿಷ ನಿಲ್ಲಲಿ ಎನ್ನುವುದಕ್ಕೆ. ಬಿಡುವುದೂ ಅವರೇ, ನಿಲ್ಲಿಸುವುದೂ ಅವರೇ.

ಪದದ ಬೇರು ನೋಡಿದರೂ ಇದೇ ಸಿಗುತ್ತದೆ. ಸಂಸ್ಕೃತದ 'ಯಮ್' ಎಂದರೆ ಹಿಡಿದಿಡು. ಸಂಯಮ, ನಿಯಮ, ಯಂತ್ರ ಎಲ್ಲವೂ ಅದೇ ಬೇರಿನವು. ಅದೇ ಬೇರಿನ 'ನಿಯಂತೃ' ಎಂದರೆ ಅಂಕೆಯಲ್ಲಿಡುವವನು, ಸಾರಥಿ ಎಂಬ ಅರ್ಥವೂ ಉಂಟು. ಲಗಾಮು ಕೈಯಲ್ಲಿರುವವನು. ಎತ್ತಿನ ಗಾಡಿ ಹೊಡೆಯುವವರ ಕೈ ನೋಡಿ. ಹಗ್ಗ ಜಗ್ಗಿದರೆ ಎತ್ತು ನಿಲ್ಲುತ್ತವೆ. ಸಡಿಲ ಬಿಟ್ಟರೆ ನಡೆಯುತ್ತವೆ. ಒಂದು ಕಡೆ ಎಳೆದರೆ ಹೊರಳುತ್ತವೆ. ಬರೀ ನಿಲ್ಲಿಸಲು ಬರುವವನನ್ನು ಯಾರೂ ಗಾಡಿ ಹೊಡೆಯಲು ಕೂರಿಸುವುದಿಲ್ಲ. ಆ ಅರ್ಥದಲ್ಲಿ ಓದಿದರೆ 'ನಿಯಂತ್ರಕ' ಒಳ್ಳೆಯ ಪದ, ಬದಲಿಸುವ ಅಗತ್ಯವಿಲ್ಲ.

ವಿಜ್ಞಾನದ ಕಡೆಯಿಂದಲೂ ಈ ತಪ್ಪಿಗೆ ಒಂದು ಕಾರಣವಿದೆ. 1961ರಲ್ಲಿ ಫ್ರೆಂಚ್ ವಿಜ್ಞಾನಿಗಳಾದ ಜಾಕೋಬ್ ಮತ್ತು ಮೊನೊ, ಜೀನ್‌ಗಳ ಗುಂಪೊಂದು ಒಟ್ಟಿಗೇ ಚಾಲೂ ಆಗುವ, ನಿಲ್ಲುವ ಬಗೆಯನ್ನು ವಿವರಿಸಲು ಮುಂದಿಟ್ಟ ಆಪರಾನ್ ಮಾದರಿಯಲ್ಲಿ ನಿಯಂತ್ರಕ ತಡೆಯುವಂಥದ್ದೇ ಆಗಿತ್ತು. ಪಾಠ ಇವತ್ತಿಗೂ ಅಲ್ಲಿಂದಲೇ ಶುರುವಾಗುತ್ತದೆ.

ಇನ್ನು ಬಯೋಫಿಲ್ಮ್. ಅದನ್ನು ಪಾಚಿ ಎನ್ನಬೇಡಿ. ನೀರು ಬಿಡುವ ದಿನ ಡ್ರಮ್ ಖಾಲಿ ಮಾಡಿ ಒಳಗೋಡೆಗೆ ಬೆರಳು ಆಡಿಸಿ. ಹಸಿರು ಏನೂ ಕಾಣದಿದ್ದರೂ ಬೆರಳು ಜಾರುತ್ತದೆ, ಉಗುರಿಗೆ ಲೋಳೆ ಹತ್ತುತ್ತದೆ. ಸುಮ್ನೆ ನೀರು ಸುರಿದರೆ ಹೋಗುವುದಿಲ್ಲ, ನಾರು ಹಾಕಿ ತಿಕ್ಕಬೇಕು. ಬ್ಯಾಕ್ಟೀರಿಯಾಗಳು ಸಕ್ಕರೆಯ ಉದ್ದ ಸರಪಳಿ, ಪ್ರೋಟೀನಿನ ಎಳೆಗಳನ್ನು ಹೊರಹಾಕಿ, ಆ ಅಂಟಿನೊಳಗೇ ಒಟ್ಟಾಗಿ ಬದುಕುತ್ತವೆ. ಅಂಟು ತಯಾರಿಸುವ ಜೀನ್‌ಗಳಲ್ಲಿ ಯಾವುದು ಯಾವಾಗ ಕೆಲಸ ಮಾಡಬೇಕು ಎಂಬ ಹಗ್ಗ ನಿಯಂತ್ರಕ ಪ್ರೋಟೀನ್‌ಗಳ ಕೈಯಲ್ಲಿರುತ್ತದೆ.

ಮಣ್ಣಿನಲ್ಲಿರುವ ಬ್ಯಾಸಿಲಸ್ ಸಬ್ಟಿಲಿಸ್ ಎಂಬ ಬ್ಯಾಕ್ಟೀರಿಯಾದಲ್ಲಿ ಸಿನ್‌ಆರ್ ಎಂಬ ಪ್ರೋಟೀನ್ ಡಿಎನ್‌ಎ ಮೇಲೆ ಕೂತು ಅಂಟಿನ ಜೀನ್‌ಗಳನ್ನು ಅದುಮಿಡುತ್ತದೆ. ಸಿನ್‌ಐ ಎಂಬ ಇನ್ನೊಂದು ಪ್ರೋಟೀನ್ ಬಂದು ಸಿನ್‌ಆರ್ ಅನ್ನೇ ಹಿಡಿದುಕೊಂಡರೆ ಆ ಜೀನ್‌ಗಳು ಬಿಡುಗಡೆಯಾಗುತ್ತವೆ. ಹುಡುಗಿಯ ವಾಕ್ಯ ಸಿನ್‌ಆರ್ ಮಟ್ಟಿಗೆ ಸರಿ, ಸಿನ್‌ಐ ಬಂದ ಕೂಡಲೇ ತಪ್ಪು. ಕಾಲರಾ ಬ್ಯಾಕ್ಟೀರಿಯಾದಲ್ಲಿ ವಿಪಿಎಸ್‌ಆರ್, ವಿಪಿಎಸ್‌ಟಿ ಎಂಬ ಎರಡು ನಿಯಂತ್ರಕ ಪ್ರೋಟೀನ್‌ಗಳು ಬಯೋಫಿಲ್ಮ್ ಕಟ್ಟಿಸುತ್ತವೆ. ಗುಂಪು ಜಾಸ್ತಿಯಾದಾಗ ಹ್ಯಾಪ್‌ಆರ್ ಎಂಬುದು ಅದನ್ನು ನಿಲ್ಲಿಸುತ್ತದೆ. ಜನ ಸೇರಿದಷ್ಟೂ ಕಟ್ಟಡ ಬೆಳೆಯಬೇಕು ಎಂದು ನಾವು ಅಂದುಕೊಳ್ಳುತ್ತೇವೆ, ಇಲ್ಲಿ ಅದು ಉಲ್ಟಾ.

ಎಲ್ಲಕ್ಕಿಂತ ನನಗೆ ಇಷ್ಟವಾದದ್ದು ಸ್ಯೂಡೋಮೊನಾಸ್ ಎರುಜಿನೋಸಾ ಎಂಬ ಬ್ಯಾಕ್ಟೀರಿಯಾದ ಫ್ಲೆಕ್ಯೂ ಪ್ರೋಟೀನ್. ಈಜಾಡಲು ಬೇಕಾದ ಬಾಲದ ಜೀನ್‌ಗಳನ್ನು ನಡೆಸುವುದು ಇದೇ. ಅಂಟಿನ ಜೀನ್‌ಗಳ ಬಳಿಯೂ ಕೂರುತ್ತದೆ. ಜೀವಕೋಶದಲ್ಲಿ ಸಿ-ಡೈ-ಜಿಎಂಪಿ ಎಂಬ ಪುಟ್ಟ ಅಣು ಕಡಿಮೆ ಇದ್ದಾಗ ಅವುಗಳನ್ನು ಅದುಮುತ್ತದೆ. ಆ ಅಣು ಜಾಸ್ತಿಯಾಗಿ ಬಂದು ಅಂಟಿಕೊಂಡರೆ ಅದೇ ಫ್ಲೆಕ್ಯೂ, ಅದೇ ಜಾಗದಲ್ಲಿ, ಅವೇ ಜೀನ್‌ಗಳನ್ನು ಎಬ್ಬಿಸುತ್ತದೆ. ಈಜು ಬಿಟ್ಟು ನೆಲೆ ನಿಲ್ಲುವ ಹೊತ್ತು ಬಂತು ಎಂದು ತಿಳಿಸುವ ಈ ಅಣು 1987ರಲ್ಲಿ ಸೆಲ್ಯುಲೋಸ್ ತಯಾರಿಸುವ ಬ್ಯಾಕ್ಟೀರಿಯಾವೊಂದರಲ್ಲಿ ಮೊದಲು ಪತ್ತೆಯಾಯಿತು.

ಆದ್ದರಿಂದ ಉತ್ತರ ಬರೆಯುವಾಗ "ನಿಯಂತ್ರಿಸುತ್ತದೆ" ಎಂದಷ್ಟೇ ಬರೆದು ಮುಂದೆ ಹೋಗಬೇಡಿ. ಸಿನ್‌ಆರ್ ಆದರೆ ತಡೆಯುತ್ತದೆ ಎನ್ನಿ. ವಿಪಿಎಸ್‌ಆರ್ ಆದರೆ ಚಾಲೂ ಮಾಡುತ್ತದೆ ಎನ್ನಿ. ಫ್ಲೆಕ್ಯೂ ಆದರೆ ಸಿ-ಡೈ-ಜಿಎಂಪಿ ಜಾಸ್ತಿಯೋ ಕಡಿಮೆಯೋ, ಅದನ್ನು ಮೊದಲು ಬರೆಯಿರಿ.