ನಳಿಗೆಯೊಳಗಿನ ಒತ್ತಡದ ಗೆರೆ: ಇಂಟೀರಿಯರ್ ಬ್ಯಾಲಿಸ್ಟಿಕ್ಸ್ ಟಿಪ್ಪಣಿ

ಫಿರಂಗಿಯ ಮದ್ದಿಗೆ ಕಿಡಿ ತಾಗಿದ ಕ್ಷಣದಿಂದ ಶೆಲ್ (ಫಿರಂಗಿಯ ಗುಂಡು) ನಳಿಗೆಯ ಬಾಯಿ ದಾಟುವವರೆಗಿನ ಕಥೆಯೇ ಇಂಟೀರಿಯರ್ ಬ್ಯಾಲಿಸ್ಟಿಕ್ಸ್. ದೊಡ್ಡ ಫಿರಂಗಿಯಲ್ಲೂ ಇದೆಲ್ಲ ಸೆಕೆಂಡಿನ ನೂರನೇ ಒಂದು ಭಾಗದ ಆಸುಪಾಸಿನಲ್ಲಿ ಮುಗಿದುಹೋಗುತ್ತದೆ. ಪಠ್ಯಪುಸ್ತಕಗಳು ಸಮೀಕರಣಗಳಿಂದಲೇ ಶುರುಮಾಡಿ ಹೆದರಿಸುತ್ತವೆ. ಅದಕ್ಕೂ ಮೊದಲು ಒಂದು ಗ್ರಾಫ್ ಬರೆದುಕೊಳ್ಳಿ: ಅಡ್ಡಕ್ಕೆ ಶೆಲ್ ಸಾಗಿದ ದೂರ, ಮೇಲಕ್ಕೆ ಅನಿಲದ ಒತ್ತಡ. ಗೆರೆ ಸರ್ರನೆ ಏರಿ, ಶಿಖರ ಮುಟ್ಟಿ, ಆಮೇಲೆ ಇಳಿಯುತ್ತಾ ಹೋಗುತ್ತದೆ. ಗೆರೆಯ ಕೆಳಗಿನ ವಿಸ್ತೀರ್ಣವನ್ನು ನಳಿಗೆಯ ಅಡ್ಡಕೊಯ್ತದ ವಿಸ್ತೀರ್ಣದಿಂದ ಗುಣಿಸಿದರೆ ಅನಿಲ ಶೆಲ್ ಮೇಲೆ ಮಾಡಿದ ಕೆಲಸ ಸಿಗುತ್ತದೆ. ಅಂದರೆ ವೇಗ ಕೊಡುವುದು ವಿಸ್ತೀರ್ಣ, ನಳಿಗೆ ಒಡೆಯುವುದು ಶಿಖರ. ಶಿಖರ ಏರಿಸದೆ ವಿಸ್ತೀರ್ಣ ಹೆಚ್ಚಿಸುವುದು ಹೇಗೆ? ಈ ಶಾಸ್ತ್ರದ ಮುಕ್ಕಾಲು ಪಾಲು ಈ ಒಂದು ಪ್ರಶ್ನೆಯ ಸುತ್ತಲೇ ಇದೆ.

ಲೆಕ್ಕವಿಟ್ಟು ನೋಡೋಣ. 155 ಮಿ.ಮೀ. ಫಿರಂಗಿ, 43 ಕೆ.ಜಿ. ಶೆಲ್, ಬಾಯಿಯಲ್ಲಿ ವೇಗ ಸೆಕೆಂಡಿಗೆ 827 ಮೀಟರ್. ಚಲನಶಕ್ತಿ ಸುಮಾರು 1.47 ಕೋಟಿ ಜೂಲ್. ನಳಿಗೆಯ ಉದ್ದ 39 ಕ್ಯಾಲಿಬರ್, ಅಂದರೆ ವ್ಯಾಸದ 39 ಪಟ್ಟು, ಸುಮಾರು 6 ಮೀಟರ್. ಅದರಲ್ಲಿ ಶೆಲ್ ಓಡುವುದು 5 ಮೀಟರ್ ಎಂದಿಟ್ಟುಕೊಳ್ಳಿ. ಅಡ್ಡಕೊಯ್ತ 0.0189 ಚದರ ಮೀಟರ್. ಚಲನಶಕ್ತಿಯನ್ನು ಓಟ ಮತ್ತು ಅಡ್ಡಕೊಯ್ತದ ಗುಣಲಬ್ಧದಿಂದ ಭಾಗಿಸಿದರೆ ಸರಾಸರಿ ಒತ್ತಡ ಸುಮಾರು 155 ಮೆಗಾಪ್ಯಾಸ್ಕಲ್, ವಾತಾವರಣದ ಒತ್ತಡದ ಸಾವಿರದೈನೂರು ಪಟ್ಟು. ಶಿಖರದ ಒತ್ತಡ ಇದರ ಸುಮಾರು ಎರಡು ಪಟ್ಟು.

ಮದ್ದಿನ ಬಲವನ್ನು ಮೊದಲು ಶಿಸ್ತಾಗಿ ಅಳೆದವನು ಇಂಗ್ಲೆಂಡಿನ ಬೆಂಜಮಿನ್ ರಾಬಿನ್ಸ್. ಗುಂಡನ್ನು ತೂಗುವ ಲೋಲಕಕ್ಕೆ ಹೊಡೆದು, ಅದು ಎಷ್ಟು ತೂಗಿತು ಎಂಬುದರಿಂದ ವೇಗ ಕಂಡುಹಿಡಿದ. 1742ರಲ್ಲಿ ಫಲಿತಾಂಶ ಪ್ರಕಟಿಸಿದ. ಆಯ್ಲರ್‌ನಂಥ ಗಣಿತಜ್ಞನೇ ಅದನ್ನು ಜರ್ಮನ್‌ಗೆ ಅನುವಾದಿಸಿದ. (ರಾಬಿನ್ಸ್ ಕೊನೆಗೆ ಈಸ್ಟ್ ಇಂಡಿಯಾ ಕಂಪನಿಯ ಎಂಜಿನಿಯರ್ ಆಗಿ ಬಂದು, 1751ರಲ್ಲಿ ಕಡಲೂರಿನ ಬಳಿಯ ಸೇಂಟ್ ಡೇವಿಡ್ ಕೋಟೆಯಲ್ಲಿ ತೀರಿಕೊಂಡ.) ಗುಂಡು ಅಲುಗುವ ಮೊದಲೇ ಮದ್ದೆಲ್ಲ ಉರಿದು ಅನಿಲವಾಗುತ್ತದೆ ಎಂದು ಆತ ಹಿಡಿದುಕೊಂಡಿದ್ದ. ಲೆಕ್ಕ ಸುಲಭವಾಗುತ್ತದೆ ನಿಜ. ಆದರೆ ಒತ್ತಡವನ್ನು ಪಳಗಿಸುವ ದಾರಿ ಅಲ್ಲಿಗೇ ಮುಚ್ಚಿಹೋಗುತ್ತದೆ.

ಆ ದಾರಿ ತೆರೆದವನು ಅಮೆರಿಕದ ಸೇನಾಧಿಕಾರಿ ಥಾಮಸ್ ರಾಡ್ಮನ್. 1844ರಲ್ಲಿ ಪ್ರಿನ್ಸ್‌ಟನ್ ಎಂಬ ಯುದ್ಧನೌಕೆಯ ಮೇಲೆ ದೊಡ್ಡ ಫಿರಂಗಿಯೊಂದು ಸಿಡಿದು, ಅಮೆರಿಕದ ಇಬ್ಬರು ಮಂತ್ರಿಗಳೂ ಸೇರಿ ಆರು ಜನ ಸತ್ತಿದ್ದರು. ದೊಡ್ಡ ಫಿರಂಗಿ ಒಡೆಯದಂತೆ ಮಾಡುವುದು ಹೇಗೆಂದು ರಾಡ್ಮನ್ ಎರಡು ಕಡೆಯಿಂದ ಯೋಚಿಸಿದ. ಎರಕದ ವಿಧಾನ ಬದಲಾಯಿಸಿದ್ದು ಒಂದು. ನನಗೆ ಹೆಚ್ಚು ಹಿಡಿಸುವುದು ಇನ್ನೊಂದು: ನಳಿಗೆಯ ಗೋಡೆಗೇ ಮಾಪಕ ಕೂರಿಸಿದ. ಒತ್ತಡ ಒಂದು ಉಳಿಯನ್ನು ತಾಮ್ರದ ತುಂಡಿಗೆ ಒತ್ತುತ್ತದೆ, ಗುರುತಿನ ಆಳವೇ ಒತ್ತಡದ ಅಳತೆ. ಸಣ್ಣ ಹರಳಿನ ಮದ್ದಿನ ಶಿಖರ ವಿಪರೀತ ಎತ್ತರ ಎಂದು ಅಳತೆಗಳು ತೋರಿಸಿದವು. ಪುರಳೆ ಭಗ್ಗನೆ ಉರಿದುಹೋಗುವಾಗ ಕೊರಡು ತಾಳ್ಮೆಯಿಂದ ಉರಿಯುವ ಹಾಗೆ, ಹರಳು ದಪ್ಪವಾದಷ್ಟೂ ಅನಿಲ ನಿಧಾನವಾಗಿ ಹುಟ್ಟುತ್ತದೆ. ರಾಡ್ಮನ್ ಅಲ್ಲಿಗೂ ನಿಲ್ಲದೆ ಮದ್ದನ್ನು ಬಿಲ್ಲೆಯಾಗಿ ಒತ್ತಿ ಅದಕ್ಕೆ ತೂತು ಹಾಕಿದ. ಹೊರಮೈ ಉರಿದು ಕುಗ್ಗುತ್ತಿದ್ದರೆ ತೂತುಗಳು ಅಗಲವಾಗುತ್ತಾ ಹೋಗುತ್ತವೆ. ಒಟ್ಟು ಉರಿಯುವ ಮೇಲ್ಮೈ ಕುಗ್ಗುವ ಬದಲು ಹಿಗ್ಗುತ್ತದೆ.

ಇದು ಯಾಕೆ ಮುಖ್ಯ ಎಂಬುದಕ್ಕೆ ಎರಡು ನಿಯಮ ಬೇಕು. ಪಿಯೋಬರ್ಟ್ ನಿಯಮ: ಹರಳು ಹೊರಗಿನಿಂದ ಒಳಕ್ಕೆ ಪದರ ಪದರವಾಗಿ, ಮೇಲ್ಮೈಗೆ ಸಮಾಂತರವಾಗಿ ಉರಿಯುತ್ತದೆ. ವಿಯೆ ನಿಯಮ: ಉರಿಯುವ ವೇಗ ಒತ್ತಡದ ಒಂದು ಘಾತಕ್ಕೆ ಅನುಪಾತದಲ್ಲಿರುತ್ತದೆ. ಎರಡನೆಯದರಲ್ಲಿ ಅಪಾಯವಿದೆ. ಒತ್ತಡ ಏರಿದರೆ ಉರಿ ಜೋರು, ಉರಿ ಜೋರಾದರೆ ಮತ್ತೂ ಒತ್ತಡ. ಇದಕ್ಕೆ ಕಡಿವಾಣ ಹಾಕುವುದು ಶೆಲ್‌ನ ಓಟ. ಅದು ಮುಂದೆ ಹೋದಂತೆ ಹಿಂದಿನ ಜಾಗ ದೊಡ್ಡದಾಗುತ್ತದೆ. ಅನಿಲ ಹುಟ್ಟುವುದಕ್ಕೂ ಜಾಗ ಬೆಳೆಯುವುದಕ್ಕೂ ಪಂದ್ಯ. ಜಾಗ ಗೆಲ್ಲಲು ಶುರುವಾದ ಬಿಂದುವೇ ಗ್ರಾಫಿನ ಶಿಖರ. ಆರಂಭದಲ್ಲಿ ಮೇಲ್ಮೈ ಕಡಿಮೆ, ಆಮೇಲೆ ಹೆಚ್ಚು ಇದ್ದರೆ ಶಿಖರ ತಗ್ಗುತ್ತದೆ, ಇಳಿಜಾರು ತುಂಬಿಕೊಳ್ಳುತ್ತದೆ. ಗೋಲ ಮತ್ತು ಕಡ್ಡಿಯಾಕಾರ ಇದಕ್ಕೆ ತದ್ವಿರುದ್ಧ. ಒಂದೇ ತೂತಿನ ಉದ್ದ ಕೊಳವೆಯ ಮೇಲ್ಮೈ ಹೆಚ್ಚುಕಡಿಮೆ ಬದಲಾಗದು. ಏಳು ತೂತಿನ ಸಿಲಿಂಡರ್ ಬೇಕಾದ್ದನ್ನು ಕೊಡುತ್ತದೆ. ಪರೀಕ್ಷೆಗೆ ಇಷ್ಟು ನೆನಪಿದ್ದರೆ ಸಾಕು.

ಆದರೆ ರಾಡ್ಮನ್ ಕಾಲದ ಕಪ್ಪು ಮದ್ದಿನಲ್ಲಿ ಪದರದ ನಿಯಮ ಸರಿಯಾಗಿ ನಿಲ್ಲುವುದಿಲ್ಲ, ಅದರ ಮೈಯಲ್ಲಿ ಸಣ್ಣ ಸಣ್ಣ ಬಿರುಕು. ಸಾಲದ್ದಕ್ಕೆ ಉರಿದ ಮೇಲೆ ತೂಕದಲ್ಲಿ ಅರ್ಧಕ್ಕೂ ಹೆಚ್ಚು ಘನವಾಗಿ ಉಳಿಯುತ್ತದೆ. ಆ ದಟ್ಟ ಹೊಗೆ ಅದೇ. 1884ರಲ್ಲಿ ಪಾಲ್ ವಿಯೆ ನೈಟ್ರೊಸೆಲ್ಯುಲೋಸ್‌ನಿಂದ ಹೊಗೆರಹಿತ ಮದ್ದು ಮಾಡಿದಾಗ ಹೊಗೆ ಹೋಯಿತು ಎಂದಷ್ಟೇ ಎಲ್ಲರೂ ಬರೆಯುತ್ತಾರೆ. ಹರಳಿನ ಮೈ ಗಟ್ಟಿಯಾಗಿ, ಜ್ಯಾಮಿತಿ ಮಾತು ಕೇಳತೊಡಗಿತು ಎಂಬುದು ನಮಗೆ ಅದಕ್ಕಿಂತ ದೊಡ್ಡ ಸುದ್ದಿ.

ಲಗ್ರಾಂಜ್ ಸಮಸ್ಯೆ ಎಂದು ಬಂದರೆ ಗಾಬರಿ ಬೇಡ. ಅನಿಲಕ್ಕೂ ದ್ರವ್ಯರಾಶಿಯಿದೆ, ಅದೂ ಓಡಬೇಕು. ಹಾಗಾಗಿ ನಳಿಗೆಯ ಬುಡದ ಒತ್ತಡ ಶೆಲ್‌ನ ಹಿಂಬದಿಯ ಒತ್ತಡಕ್ಕಿಂತ ಹೆಚ್ಚು. ಕೈಲೆಕ್ಕಕ್ಕೆ, ಮದ್ದಿನ ದ್ರವ್ಯರಾಶಿಯ ಮೂರನೇ ಒಂದು ಭಾಗವನ್ನು ಶೆಲ್‌ಗೆ ಕೂಡಿಸಿಕೊಂಡರೆ ಆಯಿತು.

ಇನ್ನು ಸವೆತ. 1918ರಲ್ಲಿ ಜರ್ಮನರ ಪ್ಯಾರಿಸ್ ಫಿರಂಗಿ ಸುಮಾರು 120 ಕಿ.ಮೀ. ದೂರ ಹೊಡೆಯುತ್ತಿತ್ತು, ವೇಗ ಸೆಕೆಂಡಿಗೆ 1,600 ಮೀಟರ್‌ನಷ್ಟು. ಪ್ರತಿ ಹೊಡೆತಕ್ಕೂ ನಳಿಗೆ ಸವೆದು ಅಗಲವಾಗುತ್ತಿದ್ದುದರಿಂದ ಶೆಲ್‌ಗಳಿಗೆ ಕ್ರಮಸಂಖ್ಯೆ ಹಾಕಿ, ಒಂದಕ್ಕಿಂತ ಒಂದನ್ನು ಕೊಂಚ ದಪ್ಪ ಮಾಡಿದ್ದರು.

ಅಭ್ಯಾಸಕ್ಕೆ ಒಂದು ಲೆಕ್ಕ: ಅದೇ 155 ಮಿ.ಮೀ., ಅದೇ ಶೆಲ್, ಆದರೆ 52 ಕ್ಯಾಲಿಬರ್ ನಳಿಗೆ. ಓಟ 7 ಮೀಟರ್, ವೇಗ ಸೆಕೆಂಡಿಗೆ 945 ಮೀಟರ್. ಸರಾಸರಿ ಒತ್ತಡ 145 ಮೆಗಾಪ್ಯಾಸ್ಕಲ್ ಆಸುಪಾಸು ಬರಬೇಕು, ಮೊದಲಿನದಕ್ಕಿಂತ ಹೆಚ್ಚಲ್ಲ. ಹಾಗಾದರೆ ಮದ್ದಿನ ಕೋಣೆಯನ್ನು 19 ಲೀಟರಿನಿಂದ 23 ಲೀಟರಿಗೆ ಹಿಗ್ಗಿಸಿದ್ದೇಕೆ ಎಂಬುದನ್ನು ಗ್ರಾಫ್ ಬರೆದು ವಿವರಿಸಿ.