ಬೇರೆ ಬಣ್ಣದ ಅಂಗಿ: ಗೋಲ್‌ಕೀಪರ್ ಎಂಬ ವೃತ್ತಿ ನಡೆದುಬಂದ ದಾರಿ

2022ರ ಮಾರ್ಚ್ 20ರ ರಾತ್ರಿ ಮಡಗಾಂವ್‌ನ ಫತೋರ್ಡಾ ಕ್ರೀಡಾಂಗಣದಲ್ಲಿ ಇಂಡಿಯನ್ ಸೂಪರ್ ಲೀಗ್‌ನ ಫೈನಲ್ ಪಂದ್ಯ. ಹೈದರಾಬಾದ್ ಎಫ್‌ಸಿ ಮತ್ತು ಕೇರಳ ಬ್ಲಾಸ್ಟರ್ಸ್ ತಲಾ ಒಂದು ಗೋಲು ಗಳಿಸಿದ್ದವು. ಹೆಚ್ಚುವರಿ ಅವಧಿಯಲ್ಲೂ ಇತ್ಯರ್ಥವಾಗದೆ ಆಟ ಪೆನಾಲ್ಟಿ ಶೂಟೌಟ್‌ಗೆ ಬಂತು. ಕೇರಳದ ಮೊದಲ ಒದೆತವನ್ನು ಹೈದರಾಬಾದಿನ ಗೋಲ್‌ಕೀಪರ್ ತಡೆದರು. ಎರಡನೆಯದನ್ನೂ ತಡೆದರು. ಆದರೆ ಚೆಂಡು ಹೊರಡುವ ಮೊದಲೇ ಗೆರೆ ಬಿಟ್ಟಿದ್ದಾರೆಂದು ರೆಫರಿ ಅದನ್ನು ಮತ್ತೆ ಒದೆಯಿಸಿದರು. ಅದೇ ಆಟಗಾರ, ಅದೇ ಚೆಂಡು. ಕೀಪರ್ ಅದನ್ನೂ ತಡೆದರು. ಆಮೇಲೆ ನಾಲ್ಕನೆಯದನ್ನೂ ತಡೆದರು. ಶೂಟೌಟ್ 3–1ರಲ್ಲಿ ಮುಗಿಯಿತು, ಟ್ರೋಫಿ ಹೈದರಾಬಾದಿನದಾಯಿತು. ಆ ಕೀಪರ್‌ ಹೆಸರು ಲಕ್ಷ್ಮೀಕಾಂತ ಕಟ್ಟಿಮನಿ.

ಕಟ್ಟಿಮನಿ ಎಂದೊಡನೆ ಬೆಳಗಾವಿಯವರ ಕಿವಿ ನೆಟ್ಟಗಾಗುತ್ತದೆ. ಗೋಕಾಕ ಸೀಮೆಯಿಂದ ಆಚೆಗೆ ನಮ್ಮ ಕಡೆ ಎಲ್ಲಿ ಹೋದರೂ ಕೇಳಿಬರುವ ಮನೆತನದ ಹೆಸರು ಅದು. ಆಟಗಾರ ಹುಟ್ಟಿ ಬೆಳೆದದ್ದು ಗೋವಾದಲ್ಲಿ, ಮೊದಲು ಆಡಿದ್ದು ಗೋವಾದ ಕ್ಲಬ್‌ಗಳಲ್ಲಿ. ಆದರೂ ಅಂದು ರಾತ್ರಿ ಟಿ.ವಿ. ಮುಂದೆ ಕುಳಿತಿದ್ದ ನನಗೆ ಅವರು ಪರಕೀಯರೆನಿಸಲಿಲ್ಲ. ಅದಕ್ಕಿಂತ ಹೆಚ್ಚಾಗಿ, ಅದೇ ಮೈದಾನದ ಇನ್ನೊಂದು ರಾತ್ರಿ ನನಗೆ ನೆನಪಾಯಿತು.

2015ರ ಡಿಸೆಂಬರ್ 20. ಅದೂ ಐಎಸ್‌ಎಲ್ ಫೈನಲ್, ಅದೂ ಫತೋರ್ಡಾದಲ್ಲೇ. ಕಟ್ಟಿಮನಿ ಆಗ ಎಫ್‌ಸಿ ಗೋವಾ ತಂಡದ ಕೀಪರ್. ತವರಿನ ಜನರೆದುರು ಗೋವಾ 2–1ರಿಂದ ಮುಂದಿತ್ತು, ಗಡಿಯಾರದಲ್ಲಿ ತೊಂಬತ್ತನೇ ನಿಮಿಷ. ಆಗ ಚೆಂಡು ಕಟ್ಟಿಮನಿಯವರ ಕೈಗೆ ತಾಗಿ ಅವರದೇ ಬಲೆಗೆ ಹೋಯಿತು. ದಾಖಲೆಯಲ್ಲಿ ಅದು ಉಡುಗೊರೆ ಗೋಲು, ಮುಂದೆ ಅವರ ಹೆಸರು. ಎರಡೇ ನಿಮಿಷದಲ್ಲಿ ಚೆನ್ನೈಯಿನ್‌ನ ಮೆಂಡೋಸಾ ಇನ್ನೊಂದು ಹೊಡೆದರು. 3–2. ಕಪ್ ಚೆನ್ನೈಗೆ ಹೋಯಿತು.

ಈ ಎರಡು ರಾತ್ರಿಗಳ ನಡುವೆ ಆರು ವರ್ಷ ಮೂರು ತಿಂಗಳು. ಫಾರ್ವರ್ಡ್ ಆಟಗಾರ ಹತ್ತು ಅವಕಾಶ ಕಳೆದುಕೊಂಡು ಹನ್ನೊಂದನೆಯದನ್ನು ಗೋಲಾಗಿಸಿದರೆ ಅವನನ್ನು ಹೆಗಲ ಮೇಲೆ ಹೊರುತ್ತಾರೆ. ಕೀಪರ್ ಹತ್ತನ್ನು ತಡೆದು ಹನ್ನೊಂದನೆಯದನ್ನು ಬಿಟ್ಟರೆ ಆ ಹನ್ನೊಂದನೆಯದೇ ಉಳಿಯುತ್ತದೆ. ಎಲ್ಲರಿಗಿಂತ ಬೇರೆ ಬಣ್ಣದ ಅಂಗಿ ತೊಟ್ಟು, ಎಲ್ಲರಿಗಿಂತ ಹಿಂದೆ ನಿಂತು ಆಡುವ ಈ ಕೆಲಸ ಇಷ್ಟು ಒಂಟಿಯಾದದ್ದು ಹೇಗೆ? ಅದು ಮೊದಲಿನಿಂದ ಹೀಗಿರಲಿಲ್ಲ.

1863ರಲ್ಲಿ ಲಂಡನ್ನಿನಲ್ಲಿ ಫುಟ್‌ಬಾಲ್ ನಿಯಮಗಳನ್ನು ಬರೆದಾಗ ಅದರಲ್ಲಿ ಗೋಲ್‌ಕೀಪರ್ ಎಂಬ ಪದವೇ ಇರಲಿಲ್ಲ. ಗೋಲು ರಕ್ಷಿಸಲು ಒಬ್ಬ ಆಟಗಾರ ಕೈ ಬಳಸಬಹುದು ಎಂಬ ನಿಯಮ ಸೇರಿದ್ದು 1871ರಲ್ಲಿ. ಮುಂದೆ ಬಹುಕಾಲ ಆ ಕೈಗೆ ವಿಶಾಲವಾದ ಸ್ವಾತಂತ್ರ್ಯವಿತ್ತು. ಇಪ್ಪತ್ತನೆಯ ಶತಮಾನದ ಮೊದಲ ವರ್ಷಗಳಲ್ಲಿ ಕೀಪರ್ ತನ್ನ ಅರ್ಧ ಮೈದಾನದಲ್ಲಿ ಎಲ್ಲಿ ಬೇಕಾದರೂ ಚೆಂಡು ಹಿಡಿಯಬಹುದಿತ್ತು. ವೇಲ್ಸ್‌ನ ಲೀ ರಿಚ್ಮಂಡ್ ರೂಸ್ ಎಂಬ ಕೀಪರ್ ಚೆಂಡನ್ನು ನೆಲಕ್ಕೆ ಪುಟಿಸುತ್ತ ನಡುಗೆರೆಯವರೆಗೂ ಓಡಿಹೋಗಿ ಅಲ್ಲಿಂದ ಎದುರಾಳಿಗಳ ಮೇಲೆ ದಾಳಿ ಕಟ್ಟುತ್ತಿದ್ದರು. 1912ರಲ್ಲಿ ನಿಯಮ ಬದಲಾಯಿತು: ಕೈ ಬಳಕೆ ಪೆನಾಲ್ಟಿ ಆವರಣದೊಳಗೆ ಮಾತ್ರ. ಅದಕ್ಕೆ ಮೂರು ವರ್ಷ ಮೊದಲು, 1909ರಲ್ಲಿ, ಕೀಪರ್ ಬೇರೆ ಬಣ್ಣದ ಅಂಗಿಯನ್ನೇ ತೊಡಬೇಕೆಂದಾಗಿತ್ತು. ಗುಂಪಿನ ನಡುವೆ ಕೈ ಬಳಸಿದವರು ಯಾರೆಂದು ರೆಫರಿಗೆ ಗೊತ್ತಾಗಬೇಕಲ್ಲ. ಅಲ್ಲಿಗೆ ಅವನ ಜಾಗ ಬೇರೆ, ಬಣ್ಣ ಬೇರೆ ಎಂದಾಯಿತು.

ಪೆನಾಲ್ಟಿ ಒದೆತದ ಹುಟ್ಟು ಇನ್ನೂ ವಿಚಿತ್ರ. ಅದನ್ನು ಸೂಚಿಸಿದ ಐರ್ಲೆಂಡಿನ ವಿಲಿಯಂ ಮೆಕ್ರಮ್ ಸ್ವತಃ ಗೋಲ್‌ಕೀಪರ್! 1891ರಲ್ಲಿ ಅದು ನಿಯಮವಾಯಿತು. ಗೋಲಿನ ಅಗಲ 7.32 ಮೀಟರ್, ಎತ್ತರ 2.44 ಮೀಟರ್, ಚೆಂಡು ಇರುವುದು ಹನ್ನೊಂದು ಮೀಟರ್ ದೂರದಲ್ಲಿ. ಒದೆತ ಬಿದ್ದ ಮೇಲೆ ನೋಡಿ ಹಾರುತ್ತೇನೆಂದರೆ ತಡವಾಗಿರುತ್ತದೆ, ಊಹಿಸಿಯೇ ಹಾರಬೇಕು. ಇಸ್ರೇಲಿನ ಸಂಶೋಧಕರು 286 ಪೆನಾಲ್ಟಿಗಳನ್ನು ಪರಿಶೀಲಿಸಿ 2007ರಲ್ಲಿ ಒಂದು ಅಧ್ಯಯನ ಪ್ರಕಟಿಸಿದರು. ನೂರಕ್ಕೆ ತೊಂಬತ್ತಕ್ಕೂ ಹೆಚ್ಚು ಸಲ ಕೀಪರ್‌ಗಳು ಎಡಕ್ಕೋ ಬಲಕ್ಕೋ ಹಾರಿದ್ದರು. ಲೆಕ್ಕ ಹಾಕಿದರೆ ನಡುವೆ ನಿಂತಿದ್ದಾಗಲೇ ತಡೆಯುವ ಸಾಧ್ಯತೆ ಹೆಚ್ಚು. ಆದರೂ ಯಾಕೆ ಹಾರುತ್ತಾರೆ? ಹಾರಿ ಗೋಲು ಬಿಟ್ಟರೆ ಪ್ರಯತ್ನ ಮಾಡಿದ ಎನ್ನುತ್ತಾರೆ, ನಿಂತೇ ಬಿಟ್ಟರೆ ಕೈಕಟ್ಟಿ ನಿಂತಿದ್ದ ಎನ್ನುತ್ತಾರೆ. ಆ ಅಧ್ಯಯನ ಓದಿದಾಗ ನನಗೆ ಅಂಕಿಗಿಂತ ಆ ಭಯವೇ ಮನಸ್ಸಿಗೆ ತಟ್ಟಿತು. ಮೈದಾನದ ಸುತ್ತ ನಿಂತವರ ಕಣ್ಣು ಕೀಪರ್‌ನ ಕಾಲನ್ನೂ ಎಳೆಯುತ್ತದೆ.

ಆ ಕಣ್ಣಿನ ತೂಕವನ್ನು ಬ್ರೆಜಿಲ್‌ನ ಕೀಪರ್ ಮೊಆಸಿರ್ ಬಾರ್ಬೋಸಾ ಅವರಷ್ಟು ಹೊತ್ತವರು ಯಾರೂ ಇಲ್ಲ. 1950ರ ಜುಲೈ 16ರಂದು ಮರಕಾನಾ ಕ್ರೀಡಾಂಗಣದಲ್ಲಿ ಬ್ರೆಜಿಲ್‌ಗೆ ಡ್ರಾ ಸಿಕ್ಕಿದ್ದರೂ ವಿಶ್ವಕಪ್ ಅವರದಾಗುತ್ತಿತ್ತು. 79ನೇ ನಿಮಿಷದಲ್ಲಿ ಉರುಗ್ವೆಯ ಗಿಗ್ಗಿಯಾ ಬಲಬದಿಯಿಂದ ನುಗ್ಗಿ ಬಂದರು. ಚೆಂಡು ನಡುವಿಗೆ ಬರಬಹುದೆಂದು ಬಾರ್ಬೋಸಾ ಅರ್ಧ ಹೆಜ್ಜೆ ಸರಿದರು. ಆ ತೆರಪಿನಲ್ಲಿ, ಕಂಬಕ್ಕೂ ಅವರಿಗೂ ನಡುವೆ, ಚೆಂಡು ಒಳಗೆ ಹೋಯಿತು. ಉರುಗ್ವೆಯ ಮುಂಚಿನ ಗೋಲು ಸಹ ಅದೇ ಬದಿಯಿಂದ ನಡುವಿಗೆ ಬಂದ ಚೆಂಡಿನಿಂದಲೇ ಆಗಿತ್ತು, ಹಾಗಾಗಿ ಅವರ ಊಹೆ ತಪ್ಪೆನ್ನಲಾಗದು. 2000ದಲ್ಲಿ ಅವರು ತೀರಿಕೊಳ್ಳುವವರೆಗೂ, ಐವತ್ತು ವರ್ಷ, ಆ ಅರ್ಧ ಹೆಜ್ಜೆಗೆ ಕ್ಷಮೆ ಸಿಗಲಿಲ್ಲ.

ಸೋವಿಯತ್ ಒಕ್ಕೂಟದ ಲೆವ್ ಯಾಶಿನ್ ಮರಳಿ ಎದ್ದರು. 1962ರ ವಿಶ್ವಕಪ್‌ನಲ್ಲಿ ತಂಡ ಸೋತು ಬಂದಾಗ ದೋಷವೆಲ್ಲ ಅವರ ತಲೆಗೇ ಬಂತು. ಆಟವನ್ನೇ ಬಿಡುವ ಯೋಚನೆ ಮಾಡಿದ್ದರು. ಮರುವರ್ಷ, 1963ರಲ್ಲಿ, ಯುರೋಪಿನ ಶ್ರೇಷ್ಠ ಆಟಗಾರನಿಗೆ ಕೊಡುವ ಬ್ಯಾಲನ್ ಡಿ'ಓರ್ ಅವರಿಗೆ ಬಂತು. ಇಂದಿಗೂ ಅದನ್ನು ಗೆದ್ದ ಪುರುಷ ಗೋಲ್‌ಕೀಪರ್ ಅವರೊಬ್ಬರೇ.

ಇನ್ನೊಂದು ದೊಡ್ಡ ತಿರುವು 1992ರದು. 1990ರ ಇಟಲಿ ವಿಶ್ವಕಪ್‌ನಲ್ಲಿ ಪಂದ್ಯಕ್ಕೆ ಸರಾಸರಿ 2.21 ಗೋಲು ಮಾತ್ರ ಬಿದ್ದಿದ್ದವು. ಮುಂದಿದ್ದ ತಂಡ ಚೆಂಡನ್ನು ತಮ್ಮ ಕೀಪರ್‌ಗೆ ಹಿಂದೆ ತಳ್ಳುವುದು, ಅವನು ಎತ್ತಿಕೊಳ್ಳುವುದು, ಮತ್ತೆ ಉರುಳಿಸುವುದು. ಹೀಗೆ ಹೊತ್ತು ಕಳೆಯುವುದೇ ಒಂದು ವಿದ್ಯೆಯಾಗಿತ್ತು. ಸಹ ಆಟಗಾರ ಬೇಕೆಂದೇ ಕಾಲಿನಿಂದ ಹಿಂದಕ್ಕೆ ಕೊಟ್ಟ ಚೆಂಡನ್ನು ಕೀಪರ್ ಕೈಯಲ್ಲಿ ಮುಟ್ಟುವಂತಿಲ್ಲ ಎಂಬ ನಿಯಮ ಬಂದದ್ದು ಆಗ. ಕೈಯಿಂದ ಬದುಕಿದವರು ಒಂದೇ ಬೇಸಿಗೆಯಲ್ಲಿ ಕಾಲಿನ ಕೆಲಸ ಕಲಿಯಬೇಕಾಯಿತು. ಇಂದು ದೊಡ್ಡ ಕ್ಲಬ್‌ಗಳು ಕೀಪರ್ ಎಷ್ಟು ತಡೆಯುತ್ತಾನೆ ಎಂಬುದರ ಜೊತೆಗೆ, ಒತ್ತಡದಲ್ಲಿ ಎಷ್ಟು ಚೊಕ್ಕವಾಗಿ ಪಾಸ್ ಕೊಡುತ್ತಾನೆ ಎಂದೂ ನೋಡುತ್ತವೆ. 2019ರಿಂದ ಪೆನಾಲ್ಟಿ ಒದೆಯುವ ಕ್ಷಣದಲ್ಲಿ ಕೀಪರ್‌ನ ಒಂದು ಪಾದದ ಒಂದಂಶವಾದರೂ ಗೆರೆಯ ಮೇಲಿರಬೇಕು. ಕಟ್ಟಿಮನಿ ಎರಡು ಸಲ ತಡೆಯಬೇಕಾಗಿ ಬಂದದ್ದು ಗೆರೆಯ ಈ ಕಟ್ಟಿನಿಂದಲೇ. 2025ರಿಂದ ಚೆಂಡನ್ನು ಎಂಟು ಸೆಕೆಂಡಿಗಿಂತ ಹೆಚ್ಚು ಹೊತ್ತು ಕೈಯಲ್ಲಿಟ್ಟುಕೊಂಡರೆ ಎದುರಾಳಿಗೆ ಕಾರ್ನರ್ ಸಿಗುತ್ತದೆ. ನೂರೈವತ್ತು ವರ್ಷಗಳಲ್ಲಿ ಕೈಗೆ ಕಡಿವಾಣ ಬಿಗಿಯುತ್ತ ಬಂದಿದೆ, ಹೊಣೆ ಮಾತ್ರ ಕೂಡುತ್ತ ಬಂದಿದೆ.

ನಮ್ಮ ದೇಶದಲ್ಲಿ ಈ ವೃತ್ತಿಯ ಬೇರು ಹುಡುಕಿದರೆ ಕರ್ನಾಟಕದ ನೆಲವೇ ಸಿಗುತ್ತದೆ. ಸ್ವತಂತ್ರ ಭಾರತ ಆಡಿದ ಮೊದಲ ಒಲಿಂಪಿಕ್ಸ್ 1948ರ ಲಂಡನ್ನಿನದು. ಬಹುಪಾಲು ಆಟಗಾರರು ಬರಿಗಾಲಲ್ಲಿ ಆಡಿ, ಫ್ರಾನ್ಸ್‌ಗೆ 1–2ರಿಂದ ಸೋತ ಆ ಪಂದ್ಯದಲ್ಲಿ ಗೋಲು ಕಾದವರು ಮೈಸೂರು ಸಂಸ್ಥಾನದ ಕೆ.ವಿ. ವರದರಾಜ್. ಆಮೇಲೆ ಪೀಟರ್ ತಂಗರಾಜ್ ಬಂದರು. ಹೈದರಾಬಾದಿನ ಈ ಎತ್ತರದ ಆಳು ಸೇನೆಯ ಮದ್ರಾಸ್ ರೆಜಿಮೆಂಟಲ್ ಸೆಂಟರ್ ತಂಡದಲ್ಲಿ ಮುನ್ನುಗ್ಗಿ ಗೋಲು ಹೊಡೆಯುವ ಜಾಗದಲ್ಲಿ ಆಡುತ್ತಿದ್ದರು, ಅಲ್ಲಿಂದ ಹಿಂದಕ್ಕೆ ಬಂದು ಕೀಪರ್ ಆದರು. 1962ರ ಜಕಾರ್ತ ಏಷ್ಯನ್ ಕ್ರೀಡಾಕೂಟದ ಫೈನಲ್‌ನಲ್ಲಿ ದಕ್ಷಿಣ ಕೊರಿಯಾವನ್ನು 2–1ರಿಂದ ಮಣಿಸಿದಾಗ ಗೋಲಿನಲ್ಲಿ ನಿಂತವರು ಅವರು. 1967ರಲ್ಲಿ ಅರ್ಜುನ ಪ್ರಶಸ್ತಿ ಬಂತು. ಸೇನೆ ಕೂಳು ಕೊಟ್ಟು, ಮೈದಾನ ಕೊಟ್ಟು, ಒಂದು ಜಾಗದಲ್ಲಿ ವರ್ಷಗಟ್ಟಲೆ ನಿಲ್ಲಲು ಬಿಟ್ಟಿದ್ದರಿಂದ ಅಂಥವರು ತಯಾರಾದರು ಎಂದು ನಾನು ನಂಬುತ್ತೇನೆ.

ಬೆಳಗಾವಿಗೂ ಫುಟ್‌ಬಾಲ್ ಬಂದದ್ದು ದಂಡಿನ ಜೊತೆಗೇ. ಕ್ಯಾಂಪ್ ಪ್ರದೇಶ, ಮರಾಠಾ ಲಘು ಪದಾತಿ ದಳದ ರೆಜಿಮೆಂಟಲ್ ಸೆಂಟರ್, 1856ರಲ್ಲಿ ಆರಂಭವಾದ ಸೇಂಟ್ ಪಾಲ್ಸ್ ಶಾಲೆ, ಅಲ್ಲಿ ನಡೆಯುವ ಫಾದರ್ ಎಡ್ಡಿ ಸ್ಮಾರಕ ಅಂತರಶಾಲಾ ಪಂದ್ಯಾವಳಿ, ಟಿಳಕವಾಡಿಯ ಲೇಲೆ ಮೈದಾನ. ಉತ್ತರ ಕರ್ನಾಟಕದ ಬೇರೆ ಊರುಗಳಲ್ಲಿ ಕ್ರಿಕೆಟ್ ಬಿಟ್ಟರೆ ಮಾತಿಲ್ಲ ಎನ್ನುವಾಗ ಇಲ್ಲಿ ಮಳೆಗಾಲ ಬಂದರೆ ಫುಟ್‌ಬಾಲ್ ಬಂತೆಂದೇ ಅರ್ಥ. ಚೋರ್ಲಾ ಘಟ್ಟ ಇಳಿದರೆ ಗೋವಾ. ಡೆಂಪೊ, ಸಲಗಾಂವ್ಕರ್ ಕ್ಲಬ್‌ಗಳ ಆಟದ ಸುದ್ದಿ ನಮಗೆ ಬೆಂಗಳೂರಿಗಿಂತ ಮೊದಲೇ ತಲುಪುತ್ತಿತ್ತು. ಭಾರತ ತಂಡದ ನಾಯಕರಾಗಿದ್ದ ಬ್ರಹ್ಮಾನಂದ ಶಂಖವಾಳ್ಕರ್ ಆ ಗೋವಾದ ಕೀಪರ್. 1997ರಲ್ಲಿ ಅರ್ಜುನ, 2022ರಲ್ಲಿ ಪದ್ಮಶ್ರೀ ಪಡೆದರು. ಹಿರಿಯರ ಬಾಯಲ್ಲಿ ಆ ಹೆಸರು ಕೇಳುತ್ತಲೇ ನಾವು ಬೆಳೆದೆವು.

ಆದರೂ ಗಲ್ಲಿಯಲ್ಲಿ ತಂಡ ಹಂಚುವಾಗ ಕೊನೆಗೆ ಉಳಿದವನೇ ಕೀಪರ್. ದಪ್ಪಗಿದ್ದವನು, ಓಡಲಾರದವನು, ಎಲ್ಲರಿಗಿಂತ ಚಿಕ್ಕವನು. ನಾನೂ ಹಾಗೆಯೇ ಎರಡು ಚಪ್ಪಲಿಗಳ ನಡುವೆ ನಿಂತವನು. ಶಾಲಾ ತಂಡಕ್ಕೆ ಸೇರಿದ ಮೇಲೂ ಅಭ್ಯಾಸವೆಂದರೆ ಉಳಿದವರು ಗೋಲಿಗೆ ಹೊಡೆಯುತ್ತಿದ್ದರು, ನಾನು ಹೆಕ್ಕಿ ತಂದು ಕೊಡುತ್ತಿದ್ದೆ. ಹೇಗೆ ಬೀಳಬೇಕು ಎಂದು ಯಾರೂ ಹೇಳಿಕೊಡಲಿಲ್ಲ. ಮೊಣಕೈ ಮೊದಲು ನೆಲಕ್ಕೆ ತಾಗಬಾರದು, ತೊಡೆಯ ಪಕ್ಕ, ಸೊಂಟ, ಭುಜ ಹೀಗೆ ಸರದಿಯಂತೆ ಮೈ ನೆಲಕ್ಕೆ ಒರಗಬೇಕು, ಚೆಂಡಿನ ಹಿಂದೆ ಕೈ, ಕೈಗಳ ಹಿಂದೆ ಮೈ ಎಂಬುದೆಲ್ಲ ತಿಳಿದದ್ದು ಬಹಳ ಕಾಲದ ನಂತರ, ಮೊಣಕೈಯ ಕಲೆ ಹಳತಾದ ಮೇಲೆ.

ಈ ಕೆಲಸದಲ್ಲಿ ಅಪಾಯವೂ ನಿಜ. 1956ರ ಎಫ್‌ಎ ಕಪ್ ಫೈನಲ್‌ನಲ್ಲಿ ಮ್ಯಾಂಚೆಸ್ಟರ್ ಸಿಟಿಯ ಬರ್ಟ್ ಟ್ರೌಟ್‌ಮನ್ ಕತ್ತಿನ ಮೂಳೆ ಮುರಿದುಕೊಂಡೇ ಆಟ ಮುಗಿಸಿದರು. ಪೀಟರ್ ಚೆಕ್ 2006ರಲ್ಲಿ ತಲೆಬುರುಡೆಗೆ ಪೆಟ್ಟಾದ ಮೇಲೆ ಕೊನೆಯವರೆಗೂ ಶಿರಸ್ತ್ರಾಣ ತೊಟ್ಟೇ ಆಡಿದರು. 2004ರ ಡಿಸೆಂಬರ್ 5ರಂದು ಬೆಂಗಳೂರಿನ ಕಂಠೀರವ ಕ್ರೀಡಾಂಗಣದಲ್ಲಿ ಫೆಡರೇಷನ್ ಕಪ್ ಫೈನಲ್. ಡೆಂಪೊ ತಂಡದ ಕ್ರಿಸ್ಟಿಯಾನೊ ಜೂನಿಯರ್ ಗೋಲು ಹೊಡೆಯುವಾಗಲೇ ಮೋಹನ್ ಬಾಗಾನ್‌ನ ಕೀಪರ್ ಸುಬ್ರತಾ ಪಾಲ್‌ಗೆ ಡಿಕ್ಕಿಯಾಗಿ ಕುಸಿದುಬಿದ್ದರು, ಅಂದೇ ಪ್ರಾಣ ಬಿಟ್ಟರು. ಪಾಲ್ ಆಗ ಹದಿಹರೆಯದ ಹುಡುಗ. ಆ ನೆನಪನ್ನು ಹೊತ್ತೇ ಅವರು ಮುಂದೆ ಭಾರತದ ಮೊದಲ ಆಯ್ಕೆಯ ಕೀಪರ್ ಆದರು, 2011ರ ಏಷ್ಯಾ ಕಪ್‌ನಲ್ಲಿ ಗೋಲು ಕಾದರು.

ವೃತ್ತಿಯಾಗಿ ನೋಡಿದರೆ ಇದು ಕಾಯುವ ಬದುಕು. ತಂಡದಲ್ಲಿ ಮೂವರು ಕೀಪರ್‌ಗಳಿದ್ದರೆ ಆಡುವವನು ಒಬ್ಬನೇ. ಮಿಡ್‌ಫೀಲ್ಡರ್‌ನನ್ನು ಕೊನೆಯ ಇಪ್ಪತ್ತು ನಿಮಿಷಕ್ಕೆ ಇಳಿಸುತ್ತಾರೆ, ಕೀಪರ್‌ನನ್ನು ಯಾರೂ ಹಾಗೆ ಇಳಿಸುವುದಿಲ್ಲ. 2014ರಲ್ಲಿ ಐಎಸ್‌ಎಲ್ ಶುರುವಾದಾಗ ಮೈದಾನದಲ್ಲಿ ಆರು ವಿದೇಶಿಯರಿಗೆ ಅವಕಾಶವಿತ್ತು, ಹಲವು ತಂಡಗಳು ಅದರಲ್ಲಿ ಒಂದನ್ನು ಗೋಲಿಗೇ ಬಳಸಿದವು. ಇಂಗ್ಲೆಂಡಿನ ಡೇವಿಡ್ ಜೇಮ್ಸ್ ಕೇರಳಕ್ಕೆ, ಜೆಕ್ ದೇಶದ ಯಾನ್ ಶೆಡಾ ಗೋವಾಕ್ಕೆ. 2017ರಲ್ಲಿ ಆ ಸಂಖ್ಯೆ ಐದಕ್ಕೆ, 2021ರಲ್ಲಿ ನಾಲ್ಕಕ್ಕೆ ಇಳಿಯಿತು. ಕ್ಲಬ್‌ಗಳು ವಿದೇಶಿಯರನ್ನು ಗೋಲು ಹೊಡೆಯಲು ಇಟ್ಟುಕೊಂಡು, ಗೋಲು ಕಾಯುವ ಕೆಲಸವನ್ನು ನಮ್ಮವರಿಗೆ ಬಿಟ್ಟವು. ಭಾರತೀಯ ಕೀಪರ್‌ಗಳು ಬೆಳೆದದ್ದಕ್ಕೆ ಈ ನಿಯಮವೂ ಒಂದು ಕಾರಣ ಎಂದು ನನಗನಿಸುತ್ತದೆ. ನಾರ್ವೆಯ ಸ್ಟಾಬೆಕ್ ಕ್ಲಬ್‌ನಲ್ಲಿ ಆಡಿ, 2016ರಲ್ಲಿ ಯುರೋಪಾ ಲೀಗ್ ಅರ್ಹತಾ ಪಂದ್ಯಕ್ಕೂ ಇಳಿದು, 2017ರಲ್ಲಿ ಬೆಂಗಳೂರು ಎಫ್‌ಸಿಗೆ ಬಂದ ಗುರ್‌ಪ್ರೀತ್ ಸಿಂಗ್ ಸಂಧು ಆ ಪೀಳಿಗೆಯ ಮುಂದಾಳು. 2023ರ ಜುಲೈ 4ರಂದು ಕಂಠೀರವದಲ್ಲೇ ಕುವೈತ್‌ನ ಕೊನೆಯ ಪೆನಾಲ್ಟಿಯನ್ನು ತಡೆದು ದಕ್ಷಿಣ ಏಷ್ಯಾದ ಸ್ಯಾಫ್ ಕಪ್ ತಂದುಕೊಟ್ಟವರು ಅವರು.

ಈ ಬಾಗಿಲು ತೆರೆದೇ ಇರುತ್ತದೆ ಎಂದೇನಿಲ್ಲ. ಅಖಿಲ ಭಾರತ ಫುಟ್‌ಬಾಲ್ ಒಕ್ಕೂಟ ಮತ್ತು ಲೀಗ್ ಸಂಘಟಕರ ನಡುವಿನ ಹದಿನೈದು ವರ್ಷದ ಒಪ್ಪಂದ ಮುಗಿಯುತ್ತ ಬಂದಾಗ, 2025ರ ಜುಲೈನಲ್ಲಿ ಮುಂದಿನ ಐಎಸ್‌ಎಲ್ ಋತುವನ್ನೇ ತಡೆಹಿಡಿದರು. ಸಂಬಳ ನಂಬಿದ ಆಟಗಾರರು ತಿಂಗಳುಗಟ್ಟಲೆ ಪಂದ್ಯವಿಲ್ಲದೆ ಕುಳಿತರು. ಬೆಳಗಾವಿಯ ತಾಯಿ ತಂದೆ ಮಗನನ್ನು ಈ ದಾರಿಗೆ ಕಳಿಸಲು ಹಿಂದೆಮುಂದೆ ನೋಡಿದರೆ ಅವರದು ತಪ್ಪಲ್ಲ.

ಕಳೆದ ಮಳೆಗಾಲದ ಒಂದು ಬೆಳಗ್ಗೆ ಲೇಲೆ ಮೈದಾನದಲ್ಲಿ ನಿಂತಿದ್ದೆ. ಕೆಂಪು ಕೆಸರು, ಗೋಲಿನ ಮುಂದೆ ತಟ್ಟೆಯಷ್ಟು ನೀರು. ಹದಿಮೂರು ಹದಿನಾಲ್ಕು ವರ್ಷದ ಹುಡುಗನೊಬ್ಬ ಕೀಪರ್. ಅವನ ಗ್ಲೌಸಿನ ಬಲ ಹೆಬ್ಬೆರಳ ಬಳಿ ರಬ್ಬರ್ ಸುಲಿದು, ಸೈಕಲ್ ಪಂಕ್ಚರ್ ತೇಪೆಯಂಥದ್ದೇನೋ ಅಂಟಿಸಿದ್ದ. ಬಾಟಲಿಯ ನೀರು ಹಾಕಿ ಎರಡೂ ಅಂಗೈಗಳನ್ನು ತಿಕ್ಕಿದ. ಮಳೆಯಲ್ಲಿ ನೀರೇಕೆ ಎಂದು ಕೇಳಿದೆ. ಕೆಸರು ಕುಳಿತರೆ ಚೆಂಡು ಜಾರುತ್ತದೆ, ತೊಳೆದು ತೇವವಿಟ್ಟರೆ ಹಿಡಿತ ಬರುತ್ತದೆ ಎಂದ. ಯಾರು ಹೇಳಿದರು ಎಂದರೆ ಮೊಬೈಲ್‌ನಲ್ಲಿ ನೋಡಿದೆ ಅಂಕಲ್ ಎಂದ. ಅಷ್ಟರಲ್ಲಿ ಬಲಬದಿಯಿಂದ ಎತ್ತರದ ಚೆಂಡು ಬಂತು. ಮರಾಠಿ, ಕನ್ನಡ, ಹಿಂದಿ ಕೂಗುಗಳ ನಡುವೆ ಅವನ ಸಣ್ಣ ದನಿ 'ಕೀಪರ್!' ಎಂದು ಕೇಳಿತು. ತನಗಿಂತ ಎತ್ತರದ ಇಬ್ಬರ ತಲೆಯ ಮೇಲೆ ಕೈ ಚಾಚಿ ಹಿಡಿದ, ಮಂಡಿಯನ್ನು ಮುಂದೆ ಮಡಚಿ, ಕಲಿತವರಂತೆ ಪಕ್ಕಕ್ಕೆ ಉರುಳಿ ಬಿದ್ದ. ಎದ್ದು ಚೆಂಡನ್ನು ಉರುಳಿಸಿಕೊಟ್ಟು, ಮತ್ತೆ ಬಾಟಲಿಯ ಕಡೆಗೆ ನಡೆದ.